ಸುಧಾರಣಾ ಚಳವಳಿ ರಾಜಕೀಯ ಪಕ್ಷ ಆಗುವಾಗ ಎಂತೆಲ್ಲ ಬೇರೆ ಮಾಡಬೇಕು?

ಕೊಣಾಜೆ ಓದುಗ

ಮಂಗಳೂರಿನ ನಮ್ಮ ಓದುಬಳಗದಲ್ಲಿ ಮುಂದಿನ ತಿಂಗಳ ಚರ್ಚೆಗೆ ಆರಿಸಿದ ವಿಷಯ ಇದು. ಕುರ್‌ಆನ್ ತರಗತಿ, ಮದ್ರಸ, ವಾರಪತ್ರಿಕೆ, ಪ್ರಕಾಶನ, ವರದಕ್ಷಿಣೆ ವಿರೋಧಿ ಅಭಿಯಾನ, ಝಕಾತ್ (ಕಡ್ಡಾಯ ದಾನ) ಸಂಗ್ರಹ ಅಂತ ದಶಕಗಟ್ಟಲೆ ಸಮಾಜದ ಒಳಗೆ ಕೆಲಸ ಮಾಡಿಕೊಂಡು ಬಂದ ಮಿತವಾದಿ ಇಸ್ಲಾಮಿಕ್ ಸುಧಾರಣಾ ಚಳವಳಿಯೊಂದು ಚುನಾವಣೆಗೆ ಇಳಿಯಬೇಕು ಅಂತ ತೀರ್ಮಾನಿಸಿದರೆ, ಆ ಮೇಲೆ ಒಳಗೆ ಎಂತೆಂತ ಆಗುತ್ತದೆ?

ಟ್ಯುನೀಷಿಯದ ಅನ್ನಹ್ದಾ ಪಕ್ಷ, ಮೊರಾಕೊದ ಪಿಜೆಡಿ ಪಕ್ಷ, ಈಜಿಪ್ಟ್‌ನ ಬ್ರದರ್‌ಹುಡ್ ಇವುಗಳ ಸಿದ್ಧಾಂತದ ಬಗ್ಗೆ ಬೇಕಾದಷ್ಟು ಓದಲು ಸಿಗುತ್ತದೆ. ಆದರೆ ಕೆಲಸ ಹೇಗೆ ನಡೆಯುತ್ತದೆ ಅನ್ನುವುದು ಎಲ್ಲೂ ಸರಿಯಾಗಿ ಸಿಗುವುದಿಲ್ಲ. ಹಳೆಯ ಸಂಘಟನೆಯೇ ಹೆಸರು ಬದಲಿಸಿ ಪಕ್ಷ ಆಗುವುದಾ, ಅಥವಾ ಬೇರೆಯೇ ಪಕ್ಷ ಹುಟ್ಟುವುದಾ? ಅಭ್ಯರ್ಥಿಗಳನ್ನು ಯಾರು ಆರಿಸುತ್ತಾರೆ? ನಿನ್ನೆಯವರೆಗೆ ಜುಮಾ ಖುತ್ಬಾ (ಶುಕ್ರವಾರದ ಪ್ರವಚನ) ಹೇಳುತ್ತಿದ್ದವರು ನಾಳೆ ಮತ ಕೇಳಬಹುದಾ? ಹಣ ಎಲ್ಲಿಂದ, ಸಭೆ ಎಲ್ಲಿ? ಇಂಥದ್ದೇ ಕೆಲಸವನ್ನು ಭಾರತದಲ್ಲಿ ಮಾಡಲು ಹೊರಟರೆ ಕಾನೂನು ಎಂತ ಹೇಳುತ್ತದೆ ಅಂತಲೂ ಬೇಕಿತ್ತು.

ಒಂದು ವಿನಂತಿ: ಇಲ್ಲಿನ ಪಕ್ಷಗಳ ಪರ, ವಿರೋಧದ ಜಗಳ ಈ ಎಳೆಯಲ್ಲಿ ಬೇಡ. ಗೊತ್ತಿದ್ದವರು ವಿವರ ಕೊಟ್ಟರೆ ಉಪಕಾರ.

ಬಂದರ್ ಕಡೆಯವ

ನಿಮ್ಮ ಎರಡನೇ ಪ್ರಶ್ನೆಯಿಂದಲೇ ಶುರು ಮಾಡುವ. ಅಭ್ಯರ್ಥಿ ಪಟ್ಟಿಗೆ ಕೊನೆಯ ಸಹಿ ಯಾರದ್ದು ಅಂತ ಗೊತ್ತಾದರೆ ಚಳವಳಿ ಮತ್ತು ಪಕ್ಷ ನಿಜವಾಗಿ ಬೇರೆಯಾಗಿವೆಯಾ ಇಲ್ಲವಾ ಅನ್ನುವುದು ಅರ್ಧ ಗೊತ್ತಾದ ಹಾಗೆ. ಬೈಲಾದಲ್ಲಿ ಎಷ್ಟು ಚಂದ ಬರೆದಿದ್ದರೂ ಇಲ್ಲಿ ಬಣ್ಣ ಬಯಲಾಗುತ್ತದೆ.

ಕೆಟ್ಟ ಉದಾಹರಣೆ ಈಜಿಪ್ಟಿನದ್ದು. 2011ರಲ್ಲಿ ಮುಸ್ಲಿಂ ಬ್ರದರ್‌ಹುಡ್ ‘ಸ್ವಾತಂತ್ರ್ಯ ಮತ್ತು ನ್ಯಾಯ ಪಕ್ಷ’ ಕಟ್ಟಿತು. ಕಾಗದದ ಮೇಲೆ ಅದು ಸ್ವತಂತ್ರ ಪಕ್ಷ, ಮುಸ್ಲಿಮೇತರರಿಗೂ ಸದಸ್ಯತ್ವ ಉಂಟು. ಆದರೆ ಪಕ್ಷದ ಮೊದಲ ಅಧ್ಯಕ್ಷ ಮುಹಮ್ಮದ್ ಮುರ್ಸಿಯವರನ್ನು ಆರಿಸಿದ್ದು ಬ್ರದರ್‌ಹುಡ್‌ನ ಶೂರಾ (ಸಮಾಲೋಚನಾ) ಸಮಿತಿ. ಸದಸ್ಯರು ಬೇರೆ ಯಾವ ಪಕ್ಷಕ್ಕೂ ಸೇರಬಾರದು ಅಂತ ತಾಕೀತು. ತಾನೇ ಸ್ವತಂತ್ರವಾಗಿ ರಾಷ್ಟ್ರಾಧ್ಯಕ್ಷ ಚುನಾವಣೆಗೆ ನಿಲ್ಲುತ್ತೇನೆ ಅಂದ ಅಬ್ದುಲ್ ಮುನ್‌ಇಮ್ ಅಬುಲ್ ಫುತೂಹ್ ಅವರನ್ನು ಸಂಘಟನೆಯಿಂದಲೇ ಹೊರಹಾಕಿದರು. ಮುಂದೆ 2012ರ ಮಾರ್ಚ್ 31ರಂದು ರಾಷ್ಟ್ರಾಧ್ಯಕ್ಷ ಸ್ಥಾನಕ್ಕೆ ಅಭ್ಯರ್ಥಿ ಹಾಕುವ ತೀರ್ಮಾನ ಆಗಿದ್ದೂ ಬ್ರದರ್‌ಹುಡ್‌ನ ಶೂರಾದಲ್ಲೇ, 56ಕ್ಕೆ 52 ಮತಗಳ ಅಂತರದಲ್ಲಿ. ಮೊದಲು ಖೈರತ್ ಅಲ್ ಶಾತಿರ್, ಅವರು ಅನರ್ಹರಾದ ಮೇಲೆ ಮುರ್ಸಿ. ಹೀಗಿರುವಾಗ ಪಕ್ಷದ ಅಂಗಳದಲ್ಲಿ ತಪ್ಪಾದರೆ ಚಳವಳಿಯ ಶಾಲೆ, ಆಸ್ಪತ್ರೆಗಳೂ ಅದರ ಬೆಲೆ ತೆರಬೇಕು. ರಾಷ್ಟ್ರಾಧ್ಯಕ್ಷರಾಗಿ ಗೆದ್ದಿದ್ದ ಮುರ್ಸಿಯವರನ್ನು 2013ರ ಜುಲೈಯಲ್ಲಿ ಸೇನೆ ಕೆಳಗಿಳಿಸಿದ ಮೇಲೆ ಆದದ್ದು ಅದೇ. ಸೇನೆ ಮಾಡಿದ್ದನ್ನು ಇದು ಸಮರ್ಥಿಸುವುದಿಲ್ಲ. ಆದರೆ ಪಕ್ಷವನ್ನು ಬಿಟ್ಟು ಚಳವಳಿಯನ್ನು ಉಳಿಸಿಕೊಳ್ಳುವ ದಾರಿಯನ್ನು ಅವರು ತಮಗೆ ತಾವೇ ಇಟ್ಟುಕೊಂಡಿರಲಿಲ್ಲ.

ಮೊರಾಕೊದ ದಾರಿ ಬೇರೆ. ಅಲ್ಲಿ ಅಬ್ದುಲ್‌ಇಲಾಹ್ ಬಿನ್‌ಕೀರಾನ್ ಮತ್ತು ಸಂಗಡಿಗರು 1992ರಲ್ಲಿ ಹೊಸ ಪಕ್ಷಕ್ಕೆ ಅರ್ಜಿ ಹಾಕಿದರು, ಸರಕಾರ ತಿರಸ್ಕರಿಸಿತು. ಆಗ ಅವರು ಅಬ್ದುಲ್‌ಕರೀಮ್ ಖತೀಬ್ 1967ರಲ್ಲಿ ಕಟ್ಟಿದ್ದ, ಆ ಹೊತ್ತಿಗೆ ಹೆಸರಿಗೆ ಮಾತ್ರ ಉಳಿದಿದ್ದ ಒಂದು ಪಕ್ಷದೊಳಗೆ 1996ರಲ್ಲಿ ಸೇರಿಕೊಂಡರು. ಅದೇ ವರ್ಷ ಆಗಸ್ಟ್‌ನಲ್ಲಿ ಅವರ ಧಾರ್ಮಿಕ ಗುಂಪು ಇನ್ನೊಂದು ಗುಂಪಿನೊಂದಿಗೆ ವಿಲೀನವಾಗಿ ‘ಏಕತೆ ಮತ್ತು ಸುಧಾರಣಾ ಚಳವಳಿ’ ಆಯಿತು. ಅಂದರೆ ಎರಡು ಮನೆ, ಎರಡು ಲೆಕ್ಕಪುಸ್ತಕ, ಎರಡು ಅಧ್ಯಕ್ಷರು. 1998ರಲ್ಲಿ ಪಕ್ಷಕ್ಕೆ ‘ನ್ಯಾಯ ಮತ್ತು ಅಭಿವೃದ್ಧಿ ಪಕ್ಷ’ ಅಂತ ಹೆಸರು ಬಂತು, ಪಿಜೆಡಿ ಅಂದರೆ ಅದೇ.

ಅವರ ಅಭ್ಯರ್ಥಿ ಆಯ್ಕೆ ನೋಡಿ: ಯಾರೂ ತನ್ನ ಹೆಸರನ್ನು ತಾನೇ ಸೂಚಿಸುವಂತಿಲ್ಲ. ಸ್ಥಳೀಯ ಸದಸ್ಯರು ಗುಪ್ತ ಮತದಲ್ಲಿ ಹೆಸರು ಮುಂದಿಡುತ್ತಾರೆ, ಒಬ್ಬೊಬ್ಬರ ಬಗ್ಗೆ ಸಭೆಯಲ್ಲಿ ಚರ್ಚೆ ಆಗುತ್ತದೆ, ಕೊನೆಯ ಪಟ್ಟಿ ಪಕ್ಷದ ರಾಷ್ಟ್ರೀಯ ಸಮಿತಿಯಲ್ಲಿ ಅಂತಿಮವಾಗುತ್ತದೆ. ಚಳವಳಿಯ ಧಾರ್ಮಿಕ ಸಮಿತಿಗೆ ಇದರಲ್ಲಿ ಸಹಿ ಇಲ್ಲ. ಚಳವಳಿಯವರೇ ಪಕ್ಷದಲ್ಲೂ ತುಂಬಿದ್ದರು ಅನ್ನುವುದು ಸತ್ಯ. ಆದರೂ ತೀರ್ಮಾನ ಪಕ್ಷದ ಕೋಣೆಯಲ್ಲಿ ಆಗುತ್ತಿತ್ತು.

ಇನ್ನೊಂದು ಜಾಣತನ, ಎಲ್ಲ ಕಡೆ ಸ್ಪರ್ಧಿಸದೆ ಇರುವುದು. 1997ರಲ್ಲಿ 9 ಸ್ಥಾನ. 2002ರಲ್ಲಿ ದೇಶದ 91 ಕ್ಷೇತ್ರಗಳಲ್ಲಿ ಅರ್ಧಕ್ಕಿಂತ ಸ್ವಲ್ಪ ಹೆಚ್ಚು ಕಡೆ ಮಾತ್ರ ಪಟ್ಟಿ ಹಾಕಿ 42 ಗೆದ್ದರು. 2003ರ ಮೇ ತಿಂಗಳ ಕಾಸಾಬ್ಲಾಂಕ ಬಾಂಬ್ ದಾಳಿಯ ನಂತರ ಅವರಿಗೆ ಸಂಬಂಧವೇ ಇಲ್ಲದಿದ್ದರೂ ಅನುಮಾನದ ಕಣ್ಣು ಅವರ ಮೇಲೆ ಬಿತ್ತು, ಆ ವರ್ಷದ ಸ್ಥಳೀಯ ಚುನಾವಣೆಯಲ್ಲಿ ಇನ್ನೂ ಕಡಿಮೆ ಅಭ್ಯರ್ಥಿಗಳನ್ನು ನಿಲ್ಲಿಸಿದರು. 2007ರಲ್ಲಿ 46, 2011ರಲ್ಲಿ 395ರಲ್ಲಿ 107, 2016ರಲ್ಲಿ 125. ಹೀಗೆ ಮೆಲ್ಲ ಮೆಲ್ಲ ಹತ್ತಿ ಸರಕಾರ ನಡೆಸಿದರು. 2021ರ ಸೆಪ್ಟೆಂಬರ್‌ನಲ್ಲಿ 13ಕ್ಕೆ ಇಳಿದರು.

ಈಗ ಟ್ಯುನೀಷಿಯ. ಇದರ ಬಗ್ಗೆ ಸ್ವಲ್ಪ ಉದ್ದ ಬರೆಯಬೇಕು, ಯಾಕೆಂದರೆ ಎಲ್ಲರೂ ಉದಾಹರಣೆ ಕೊಡುವುದು ಇದನ್ನೇ, ಮತ್ತು ಅರ್ಧ ಮಾತ್ರ ಹೇಳುತ್ತಾರೆ.

1970ರ ದಶಕದಲ್ಲಿ ಮಸೀದಿ ತರಗತಿ, ‘ಅಲ್ ಮಅ್‌ರಿಫಾ’ ಪತ್ರಿಕೆ ಇವುಗಳ ಸುತ್ತ ಬೆಳೆದ ಬಳಗ ಅದು. ರಾಶಿದ್ ಗನ್ನೂಶಿ, ಅಬ್ದುಲ್ ಫತ್ತಾಹ್ ಮೂರೂ ಮೊದಲಿನವರು. 1981ರ ಜೂನ್ 6ರಂದು ‘ಇಸ್ಲಾಮಿಕ್ ಪ್ರವೃತ್ತಿ ಚಳವಳಿ’ ಅಂತ ಬಹಿರಂಗವಾಗಿ ಘೋಷಿಸಿ ಪಕ್ಷದ ಪರವಾನಗಿ ಕೇಳಿದರು. ಸಿಕ್ಕಿದ್ದು ಜೈಲು. ಬೆನ್ ಅಲಿ ರಾಷ್ಟ್ರಾಧ್ಯಕ್ಷರಾಗಿ ಬಂದ ಮೇಲೆ ಧರ್ಮದ ಆಧಾರದಲ್ಲಿ ಪಕ್ಷ ಕಟ್ಟಬಾರದು ಅನ್ನುವ ಕಾನೂನು 1988ರಲ್ಲಿ ಬಂತು. ಅದಕ್ಕೆ ಹೊಂದಿಕೊಳ್ಳಲು 1989ರಲ್ಲಿ ಹೆಸರಿನಿಂದ ‘ಇಸ್ಲಾಮಿಕ್’ ತೆಗೆದು ಅನ್ನಹ್ದಾ ಅಂತ ಮಾಡಿದರು. ಆಗಲೂ ಪರವಾನಗಿ ಇಲ್ಲ. ಬೆನ್ ಅಲಿಯನ್ನು ಕೆಳಗಿಳಿಸಿದ ಕ್ರಾಂತಿಯ ನಂತರ, 2011ರ ಮಾರ್ಚ್ 1ರಂದು ಕಾನೂನು ಮಾನ್ಯತೆ ಸಿಕ್ಕಿತು. ಅದೇ ಅಕ್ಟೋಬರ್ 23ರ ಚುನಾವಣೆಯಲ್ಲಿ 217ರಲ್ಲಿ 89 ಸ್ಥಾನ.

ಎಂಟೇ ತಿಂಗಳಲ್ಲಿ ಅಷ್ಟು ಸ್ಥಾನ ಬಂದದ್ದಕ್ಕೆ ಭಾವನೆಯಷ್ಟೇ ಕಾರಣ ಅಂತ ತಿಳಿಯಬೇಡಿ. ಆ ಚುನಾವಣೆಯ ನಿಯಮದಂತೆ ಪಟ್ಟಿಯಲ್ಲಿ ಪುರುಷ, ಮಹಿಳೆ, ಪುರುಷ, ಮಹಿಳೆ ಅಂತ ಸರದಿಯಲ್ಲಿ ಹೆಸರು ಇರಬೇಕಿತ್ತು. ಮಹಿಳಾ ಅಧ್ಯಯನ ವೃತ್ತಗಳು, ಕೈದಿಗಳ ಕುಟುಂಬಗಳ ಜಾಲ ಇದ್ದವರಿಗೆ 33 ಕ್ಷೇತ್ರಗಳಲ್ಲೂ ಹೆಸರು ತುಂಬುವುದು ಕಷ್ಟ ಆಗಲಿಲ್ಲ. ಆ ಸಭೆಗೆ ಗೆದ್ದ ಮಹಿಳೆಯರಲ್ಲಿ ಬಹುಪಾಲು ಅನ್ನಹ್ದಾದವರೇ. ಹಳೆಯ ಸುಧಾರಣಾ ಕೆಲಸ ಮೊದಲ ಚುನಾವಣೆಯಲ್ಲಿ ಕೈ ಹಿಡಿಯುವುದು ಹೀಗೆ.

ಆದರೆ ಆ ಹೊತ್ತಿಗೆ ಚಳವಳಿ ಮತ್ತು ಪಕ್ಷ ಒಂದೇ ದೇಹ. 2012ರ ಮಾರ್ಚ್‌ನಲ್ಲಿ ಸಂವಿಧಾನದಲ್ಲಿ ಶರೀಅತ್ ಅನ್ನು ಕಾನೂನಿನ ಮೂಲ ಅಂತ ಸೇರಿಸುವುದು ಬೇಡ, ದೇಶದ ಧರ್ಮ ಇಸ್ಲಾಂ ಅನ್ನುವ ಹಳೆಯ ಮೊದಲ ವಿಧಿಯೇ ಇರಲಿ ಅಂತ ಪಕ್ಷ ತೀರ್ಮಾನಿಸಿದಾಗ ಉಪದೇಶದ ಕಡೆಯವರಿಗೆ ಅದು ನುಂಗಲಾರದ ತುತ್ತಾಯಿತು. ಅದೇ ಹೊತ್ತಿಗೆ ಎದುರಾಳಿಗಳು ‘ಮಸೀದಿಯಲ್ಲಿ ಒಂದು ಮಾತು, ಸಂಸತ್ತಿನಲ್ಲಿ ಇನ್ನೊಂದು’ ಅಂತ ಹೇಳತೊಡಗಿದರು. ಎರಡು ದೋಣಿಯಲ್ಲಿ ಕಾಲಿಟ್ಟವರ ಸ್ಥಿತಿ. 2013ರಲ್ಲಿ ಶುಕ್ರಿ ಬಲ್‌ಈದ್, ಮುಹಮ್ಮದ್ ಬ್ರಾಹ್ಮಿ ಎಂಬ ಇಬ್ಬರು ಎಡಪಂಥೀಯ ನಾಯಕರ ಕೊಲೆಯಾದ ಮೇಲೆ ಒತ್ತಡ ವಿಪರೀತ ಹೆಚ್ಚಿ, ಕಾರ್ಮಿಕ ಒಕ್ಕೂಟ ಸೇರಿದಂತೆ ನಾಲ್ಕು ಸಂಸ್ಥೆಗಳ ಮಧ್ಯಸ್ಥಿಕೆಯಲ್ಲಿ 2014ರ ಜನವರಿಯಲ್ಲಿ ಅನ್ನಹ್ದಾ ಅಧಿಕಾರ ಬಿಟ್ಟುಕೊಟ್ಟಿತು. ಆ ನಾಲ್ಕು ಸಂಸ್ಥೆಗಳಿಗೆ 2015ರ ನೊಬೆಲ್ ಶಾಂತಿ ಪ್ರಶಸ್ತಿ ಬಂದದ್ದು ನಿಮಗೆ ಗೊತ್ತಿರಬಹುದು.

2016ರ ಮೇ ತಿಂಗಳ ಹತ್ತನೇ ಮಹಾಧಿವೇಶನದಲ್ಲಿ ಕೊನೆಗೆ ಬೇರ್ಪಡೆ ಆಯಿತು. ಪಕ್ಷ ರಾಜಕೀಯ ಮಾತ್ರ ಮಾಡುತ್ತದೆ. ಧರ್ಮಬೋಧನೆ, ಶಿಕ್ಷಣ, ದಾನದ ಕೆಲಸ ಸ್ವತಂತ್ರ ಸಂಘಗಳಿಗೆ. ಪಕ್ಷದ ನಾಯಕರು ಮಸೀದಿಯಲ್ಲಿ ಉಪದೇಶ ಮಾಡುವಂತಿಲ್ಲ, ಅಂಥ ಸಂಘಗಳ ಮುಖ್ಯಸ್ಥರಾಗುವಂತಿಲ್ಲ. ನಮ್ಮನ್ನು ‘ಮುಸ್ಲಿಂ ಪ್ರಜಾತಂತ್ರವಾದಿಗಳು’ ಅಂತ ಕರೆಯಿರಿ ಅಂದರು ಗನ್ನೂಶಿ. ಇದಕ್ಕೆ ಅರ್ಧ ಕಾರಣ ಕಾನೂನು: 2011ರ ಸಂಘಗಳ ಕಾನೂನಿನಲ್ಲೇ ಸಂಘದ ಸ್ಥಾಪಕರು, ಮುಖ್ಯಸ್ಥರು ಪಕ್ಷದ ಕೇಂದ್ರ ಹುದ್ದೆಯಲ್ಲಿ ಇರಬಾರದು ಅಂತ ಇತ್ತು. 2014ರ ಸಂವಿಧಾನದ 6ನೇ ವಿಧಿ ಮಸೀದಿಗಳನ್ನು ಪಕ್ಷಗಳ ಬಳಕೆಯಿಂದ ದೂರ ಇಡಬೇಕು ಅಂತ ಹೇಳಿತು.

ಕೊಣಾಜೆ ಓದುಗ

ತುಂಬ ಉಪಕಾರ ಸರ್. ಹಾಗಾದರೆ ಎರಡೂ ಬೇರೆ ಮಾಡಿದ ಮೇಲೂ ಇಬ್ಬರೂ ಸೋತದ್ದು ಯಾಕೆ? ಮೊರಾಕೊದಲ್ಲಿ 125ರಿಂದ 13 ಅಂದರೆ ಸಣ್ಣ ಇಳಿತ ಅಲ್ಲವಲ್ಲ.

ಬಂದರ್ ಕಡೆಯವ

ಎರಡಕ್ಕೂ ಬೇರೆ ಬೇರೆ ಕಾರಣ ಉಂಟು, ಒಂದೇ ಬುಟ್ಟಿಗೆ ಹಾಕಬಾರದು.

ಮೊರಾಕೊದಲ್ಲಿ ದೊಡ್ಡ ತೀರ್ಮಾನಗಳು ಅರಮನೆಯವು, ಸಹಿ ಮಾತ್ರ ಪಕ್ಷದ ಪ್ರಧಾನಿಯದ್ದು. 2019ರಲ್ಲಿ ವಿಜ್ಞಾನ ವಿಷಯಗಳನ್ನು ಫ್ರೆಂಚಿನಲ್ಲಿ ಕಲಿಸಲು ದಾರಿ ಮಾಡಿದ ಶಿಕ್ಷಣ ಕಾನೂನು, 2020ರ ಡಿಸೆಂಬರ್‌ನಲ್ಲಿ ಇಸ್ರೇಲ್ ಜೊತೆ ಸಂಬಂಧ ಬೆಳೆಸುವ ಒಪ್ಪಂದಕ್ಕೆ ಪ್ರಧಾನಿ ಸಅದುದ್ದೀನ್ ಉಸ್ಮಾನಿಯವರ ಸಹಿ, 2021ರಲ್ಲಿ ವೈದ್ಯಕೀಯ ಬಳಕೆಗೆ ಗಾಂಜಾ ಬೆಳೆಗೆ ಅನುಮತಿ. ಮೊದಲ ಎರಡನ್ನು ಅವರ ಸೋದರ ಚಳವಳಿಯೇ ಬಹಿರಂಗವಾಗಿ ವಿರೋಧಿಸಿತು. ಬೇರ್ಪಡೆಯ ಬೆಲೆ ಇಲ್ಲಿ ಕಾಣುತ್ತದೆ: ಮನೆ ಮನೆಗೆ ಹೋಗುವ ಕಾರ್ಯಕರ್ತರು ಚಳವಳಿಯಿಂದ ಬರುತ್ತಿದ್ದವರು, ಅವರ ಮನಸ್ಸೇ ಮುರಿದರೆ ಪಕ್ಷಕ್ಕೆ ಬೇರೆ ಕೈಕಾಲು ಇಲ್ಲ. ಅದರ ಮೇಲೆ, ಸೀಟು ಹಂಚುವ ಸೂತ್ರವನ್ನು ಚಲಾಯಿತ ಮತದ ಬದಲು ನೋಂದಾಯಿತ ಮತದಾರರ ಸಂಖ್ಯೆಯ ಮೇಲೆ ಲೆಕ್ಕ ಹಾಕುವಂತೆ 2021ರಲ್ಲಿ ಬದಲಿಸಿದರು, ದೊಡ್ಡ ಪಕ್ಷಕ್ಕೆ ಒಂದೇ ಕ್ಷೇತ್ರದಲ್ಲಿ ಎರಡು ಸ್ಥಾನ ಗೆಲ್ಲುವುದೇ ಕಷ್ಟವಾಯಿತು. ಆದರೆ 13ಕ್ಕೆ ಇಳಿಯಲು ಸೂತ್ರ ಒಂದೇ ಸಾಕಾಗುವುದಿಲ್ಲ. ಮತವೇ ಹೋಗಿತ್ತು.

ಟ್ಯುನೀಷಿಯದಲ್ಲಿ ಪಟ್ಟಿಯ ವಿಷಯವೇ ಮತ್ತೆ ಬಂತು. 2019ರಲ್ಲಿ ಸ್ಥಳೀಯ ಸದಸ್ಯರು ಮತ ಹಾಕಿ ಆರಿಸಿದ ಪಟ್ಟಿಗಳಲ್ಲಿ ಹಲವು ಮೊದಲ ಹೆಸರುಗಳನ್ನು ಕೇಂದ್ರದ ಕಾರ್ಯಕಾರಿ ಸಮಿತಿ ಬದಲಿಸಿತು. ಅಧ್ಯಕ್ಷರಿಗೆ ಎರಡೇ ಅವಧಿ ಅಂತ ಪಕ್ಷದ ನಿಯಮ. ಅದನ್ನು ಗನ್ನೂಶಿಯವರಿಗಾಗಿ ಸಡಿಲಿಸಬಾರದು ಅಂತ 2020ರಲ್ಲಿ 100 ಜನ ಹಿರಿಯ ಸದಸ್ಯರು ಪತ್ರ ಬರೆದರು. 2021ರ ಜುಲೈ 25ರಂದು ರಾಷ್ಟ್ರಾಧ್ಯಕ್ಷ ಕೈಸ್ ಸಈದ್ ಸಂಸತ್ತನ್ನು ಅಮಾನತು ಮಾಡಿದ ಎರಡು ತಿಂಗಳಲ್ಲಿ ನೂರಕ್ಕೂ ಹೆಚ್ಚು ಜನ ಪಕ್ಷ ಬಿಟ್ಟರು. 2023ರ ಏಪ್ರಿಲ್‌ನಲ್ಲಿ ಗನ್ನೂಶಿಯವರ ಬಂಧನ ಆಯಿತು, ಕಚೇರಿಗೆ ಬೀಗ ಬಿತ್ತು. ಸರ್ವಾಧಿಕಾರ ಮಾಡಿದ್ದು ಸಈದ್, ಅದರಲ್ಲಿ ನನಗೆ ಸಂಶಯ ಇಲ್ಲ. ಆದರೆ ಬೀದಿಗೆ ಇಳಿದು ಪಕ್ಷವನ್ನು ಕಾಯುವ ಜನ ಆ ಹೊತ್ತಿಗೆ ಕರಗಿ ಹೋಗಿದ್ದರು.

ಅಜ್ಜರಕಾಡು ವಕೀಲ

ಭಾರತದ ಕಾನೂನಿನ ಭಾಗ ನಾನು ಹೇಳುತ್ತೇನೆ.

ಇಲ್ಲಿ ಪಕ್ಷದ ನೋಂದಣಿ 1951ರ ಪ್ರಜಾಪ್ರಾತಿನಿಧ್ಯ ಕಾಯ್ದೆಯ 29ಎ ಪ್ರಕಾರ. ಪಕ್ಷ ಸ್ಥಾಪನೆಯ ತೀರ್ಮಾನ ಆದ ದಿನದಿಂದ 30 ದಿನದ ಒಳಗೆ ಅರ್ಜಿ ದೆಹಲಿಯ ಚುನಾವಣಾ ಆಯೋಗಕ್ಕೆ ತಲುಪಬೇಕು. ಹೆಚ್ಚಿನವರು ಎಡವುವುದು ಇಲ್ಲೇ: ದೊಡ್ಡ ಸಮಾವೇಶ ಮಾಡಿ ಘೋಷಣೆ ಕೂಗಿ, ಆಮೇಲೆ ಕಾಗದಪತ್ರ ಹುಡುಕಲು ಹೊರಡುತ್ತಾರೆ. ಕಾಗದ ಎಲ್ಲ ಸಿದ್ಧ ಮಾಡಿ ಆಮೇಲೆ ಸ್ಥಾಪನಾ ಸಭೆ ಕರೆಯುವುದು ಸರಿಯಾದ ಕ್ರಮ. 10,000 ರೂಪಾಯಿಯ ಡಿಮಾಂಡ್ ಡ್ರಾಫ್ಟ್, ಅದು ವಾಪಸು ಬರುವುದಿಲ್ಲ. ಕನಿಷ್ಠ 100 ಸದಸ್ಯರು ನೋಂದಾಯಿತ ಮತದಾರರಾಗಿರಬೇಕು. ಪ್ರತಿಯೊಬ್ಬರ ಅಫಿಡವಿಟ್, ಜೊತೆಗೆ ಮತದಾರರ ಪಟ್ಟಿಯ ಪ್ರತಿ ಬೇಕು. ತಾನು ಆಯೋಗದಲ್ಲಿ ನೋಂದಾಯಿತವಾದ ಬೇರೆ ಪಕ್ಷದ ಸದಸ್ಯ ಅಲ್ಲ ಅಂತ ಅದರಲ್ಲಿ ಬರೆದುಕೊಡಬೇಕು. ಆಧಾರ್‌ನಲ್ಲಿ ಒಂದು ಹೆಸರು, ಮತದಾರರ ಪಟ್ಟಿಯಲ್ಲಿ ಇನ್ನೊಂದು ಅಕ್ಷರ ಇರುವುದು ನಮ್ಮ ಕರಾವಳಿಯ ಬ್ಯಾರಿ ಹೆಸರುಗಳಲ್ಲಿ ಸಾಮಾನ್ಯ. ಮೊದಲೇ ನೋಡಿ ಸರಿಪಡಿಸಿಕೊಳ್ಳಿ, ಮತ್ತು 100ಕ್ಕೇ ನಿಲ್ಲಿಸದೆ 120, 130 ಅಫಿಡವಿಟ್ ಮಾಡಿಸಿಡಿ.

ಪಕ್ಷದ ನಿಯಮಾವಳಿಯಲ್ಲಿ ಸಂವಿಧಾನಕ್ಕೆ ನಿಷ್ಠೆ, ಸಮಾಜವಾದ, ಜಾತ್ಯತೀತತೆ, ಪ್ರಜಾಪ್ರಭುತ್ವದ ತತ್ವಗಳಿಗೆ ಬದ್ಧತೆ, ದೇಶದ ಸಾರ್ವಭೌಮತೆ, ಏಕತೆ, ಅಖಂಡತೆ ಇವುಗಳ ಬಗ್ಗೆ ಕಾಯ್ದೆಯ ಮಾತನ್ನೇ ಇದ್ದ ಹಾಗೆ ಹಾಕಬೇಕು. ಸ್ವಂತ ಮಾತಿನಲ್ಲಿ ಬರೆದರೆ ಕಡತ ವಾಪಸು. ಪದಾಧಿಕಾರಿಗಳ ಚುನಾವಣೆ ಗರಿಷ್ಠ 5 ವರ್ಷಕ್ಕೊಮ್ಮೆ ನಡೆಯಬೇಕು ಅಂತಲೂ, ನೋಂದಣಿಯಾದ 5 ವರ್ಷದೊಳಗೆ ಚುನಾವಣೆಗೆ ಸ್ಪರ್ಧಿಸುತ್ತೇವೆ ಅಂತಲೂ ಇರಬೇಕು. ನಂತರ ಪ್ರಸ್ತಾವಿತ ಹೆಸರನ್ನು ಎರಡು ರಾಷ್ಟ್ರೀಯ, ಎರಡು ಸ್ಥಳೀಯ ದಿನಪತ್ರಿಕೆಗಳಲ್ಲಿ ಪ್ರಕಟಿಸಿ 30 ದಿನ ಆಕ್ಷೇಪಣೆಗೆ ಅವಕಾಶ ಕೊಡಬೇಕು.

ಹೆಸರಿನ ವಿಷಯ ಗಮನಿಸಿ. ಧಾರ್ಮಿಕ ಹೆಸರಿನ ಪಕ್ಷಗಳನ್ನು ನೋಂದಾಯಿಸುವುದಿಲ್ಲ ಅನ್ನುವುದು 2005ರಿಂದ ಆಯೋಗದ ನಿಲುವು. ಮುಸ್ಲಿಂ ಲೀಗಿನಂಥ ಹೆಸರುಗಳು ಉಳಿದದ್ದು ಹಳೆಯ ನೋಂದಣಿ ಆದ್ದರಿಂದ. ಜಮಾಅತೆ ಇಸ್ಲಾಮಿ ಹಿಂದ್‌ನ ಬೆಂಬಲದಲ್ಲಿ 2011ರ ಏಪ್ರಿಲ್ 18ರಂದು ದೆಹಲಿಯಲ್ಲಿ ಘೋಷಣೆಯಾದ ಪಕ್ಷದ ಹೆಸರು ‘ವೆಲ್ಫೇರ್ ಪಾರ್ಟಿ ಆಫ್ ಇಂಡಿಯಾ’ ಅಂತ ಇರುವುದನ್ನು ನೋಡಿ. ಮೊರಾಕೊ ಮಾದರಿಗೆ ಹತ್ತಿರದ ನಡೆ ಇದು: ಜಮಾಅತ್ ತನ್ನ ಪಾಡಿಗೆ ಉಳಿಯಿತು, ಪಕ್ಷ ಬೇರೆಯಾಗಿ ನಿಂತಿತು, ಮುಸ್ಲಿಮೇತರರು ಪದಾಧಿಕಾರಿಗಳಾದರು.

ನೋಂದಣಿ ಆಯಿತು ಅಂದರೆ ಚಿಹ್ನೆ ಬಂತು ಅಂತ ಅಲ್ಲ. ಮಾನ್ಯತೆ (ಚುನಾವಣೆಯಲ್ಲಿ ನಿಗದಿತ ಮತ, ಸ್ಥಾನ ಗಳಿಸಿದ ಮೇಲೆ ಸಿಗುವಂಥದ್ದು) ಇಲ್ಲದ ಪಕ್ಷದ ಅಭ್ಯರ್ಥಿಗೆ ನಾಮಪತ್ರಕ್ಕೆ 10 ಸೂಚಕರು ಬೇಕು, ಮಾನ್ಯತೆ ಇರುವ ಪಕ್ಷಕ್ಕೆ ಒಬ್ಬರು ಸಾಕು. ಹತ್ತೂ ಜನ ಅದೇ ಕ್ಷೇತ್ರದ ಮತದಾರರಾಗಿರಬೇಕು. ಉಳ್ಳಾಲದ ಅಭ್ಯರ್ಥಿಗೆ ಮಂಗಳೂರು ದಕ್ಷಿಣದ ಒಬ್ಬರು ಸಹಿ ಹಾಕಿದರೂ ಆ ಸಹಿ ಲೆಕ್ಕಕ್ಕಿಲ್ಲ. ಎಲ್ಲ ಕಡೆ ಒಂದೇ ಚಿಹ್ನೆ ಬೇಕಾದರೆ 1968ರ ಚಿಹ್ನೆ ಆದೇಶದ 10ಬಿ ಪ್ರಕಾರ ಮುಂಚಿತವಾಗಿ ಅರ್ಜಿ ಕೊಡಬೇಕು, ವಿಧಾನಸಭೆಯ ಒಟ್ಟು ಕ್ಷೇತ್ರಗಳಲ್ಲಿ ಶೇ. 5ರಷ್ಟಾದರೂ ಕಡೆ ಸ್ಪರ್ಧಿಸಬೇಕು. ಕರ್ನಾಟಕದ 224ಕ್ಕೆ ಲೆಕ್ಕ ಹಾಕಿದರೆ 12 ಕ್ಷೇತ್ರ. ದಕ್ಷಿಣ ಕನ್ನಡದಲ್ಲಿ 8, ಉಡುಪಿಯಲ್ಲಿ 5, ಅಂದರೆ ಕರಾವಳಿಯ ಎರಡು ಜಿಲ್ಲೆಯಲ್ಲೇ ಹೆಚ್ಚುಕಡಿಮೆ ಎಲ್ಲ ಕಡೆ ನಿಲ್ಲಬೇಕಾಗುತ್ತದೆ, ಇಲ್ಲದಿದ್ದರೆ ಘಟ್ಟದ ಮೇಲೂ ಅಭ್ಯರ್ಥಿಗಳನ್ನು ಹುಡುಕಬೇಕು. ಬಂದರಿನವರು ಹೇಳಿದ ಮೊರಾಕೊದ ‘ಕಡಿಮೆ ಕಡೆ ನಿಲ್ಲು’ ಉಪಾಯ ಇಲ್ಲಿ ಚಿಹ್ನೆಯ ನಿಯಮಕ್ಕೆ ಡಿಕ್ಕಿ ಹೊಡೆಯುತ್ತದೆ. ಸ್ಪರ್ಧಿಸದೆ ಸುಮ್ಮನೆ ಕೂತರೂ ಕಷ್ಟ: 6 ವರ್ಷ ಯಾವ ಚುನಾವಣೆಗೂ ನಿಲ್ಲದ ಪಕ್ಷಗಳ ಪೈಕಿ 334ನ್ನು ಆಯೋಗ 2025ರ ಆಗಸ್ಟ್‌ನಲ್ಲಿ ಪಟ್ಟಿಯಿಂದ ತೆಗೆಯಿತು.

ಭಾಷಣದ ಮಿತಿ ಅದೇ 1951ರ ಕಾಯ್ದೆಯ 123(3)ರಲ್ಲಿ ಉಂಟು. ಧರ್ಮ, ಜಾತಿ, ಭಾಷೆಯ ಆಧಾರದಲ್ಲಿ ಮತ ಕೇಳುವುದು ಭ್ರಷ್ಟ ಆಚರಣೆ. 2017ರ ಜನವರಿ 2ರ ಅಭಿರಾಮ್ ಸಿಂಗ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟಿನ 7 ನ್ಯಾಯಾಧೀಶರ ಪೀಠ 4–3 ಬಹುಮತದಿಂದ ಇದರ ವ್ಯಾಪ್ತಿ ಹಿಗ್ಗಿಸಿತು. ಅಭ್ಯರ್ಥಿಯ ಧರ್ಮ ಮಾತ್ರ ಅಲ್ಲ, ಮತದಾರನ ಧರ್ಮದ ಹೆಸರಲ್ಲಿ ಕೇಳಿದರೂ ಆಯ್ಕೆ ಅಸಿಂಧು ಆಗಬಹುದು. ‘ಮೀಸಲಾತಿ ಕೊಡಿಸುತ್ತೇವೆ, ಶಾಲೆ ಕೊಡಿಸುತ್ತೇವೆ’ ಅನ್ನಬಹುದು. ‘ನಮ್ಮವರಿಗೆ ಮತ ಹಾಕುವುದು ದೀನಿನ (ಧರ್ಮದ) ಕರ್ತವ್ಯ’ ಅಂದರೆ ಮುಗಿಯಿತು.

ಜಾಗದ ಪ್ರಶ್ನೆಗೆ 1988ರ ಧಾರ್ಮಿಕ ಸಂಸ್ಥೆಗಳ ದುರುಪಯೋಗ ತಡೆ ಕಾಯ್ದೆ ಓದಿ. ಇದು ಎಲ್ಲ ಧರ್ಮದವರಿಗೂ ಅನ್ವಯ. ಧಾರ್ಮಿಕ ಸಂಸ್ಥೆಯ ಜಾಗವನ್ನು ಅಥವಾ ಅದರ ಹಿಡಿತದಲ್ಲಿರುವ ಜಾಗವನ್ನು ರಾಜಕೀಯ ಚಟುವಟಿಕೆಗೆ ಕೊಡಬಾರದು, ಹಣವನ್ನೂ ಬಳಸಬಾರದು. 5 ವರ್ಷದವರೆಗೆ ಜೈಲು, 10,000 ರೂಪಾಯಿವರೆಗೆ ದಂಡ. ಆದ್ದರಿಂದ ಮಸೀದಿಯ ಒಳಗೆ ಮಾತ್ರ ಅಲ್ಲ, ಮಸೀದಿಯ ಜಮಾಅತ್ ಕಮಿಟಿಯ ಹೆಸರಲ್ಲಿರುವ ಶಾದಿಮಹಲ್‌ನಲ್ಲಿ ಬೂತ್ ಏಜೆಂಟರ ಸಭೆ ಇಟ್ಟರೂ ತೊಂದರೆ. ಬಾಡಿಗೆ ಕೊಟ್ಟಿದ್ದೇವೆ ಅನ್ನುವ ರಶೀದಿಯನ್ನು ನಂಬಿ ಕೂರಬೇಡಿ. ಮಸೀದಿಯ ಮೈಕಿನಲ್ಲಿ ಪಕ್ಷದ ಸಭೆಯ ಪ್ರಕಟಣೆ ಹೇಳುವುದೂ ಬೇಡ. ಪುರಭವನವೋ ಖಾಸಗಿ ಹಾಲೋ ನೋಡಿಕೊಳ್ಳಿ.

ಪಂಪ್‌ವೆಲ್ ಲೆಕ್ಕಪತ್ರ

ಹಣದ ಬಗ್ಗೆ ಯಾರೂ ಹೇಳಲಿಲ್ಲ, ಮುಳುಗುವುದು ಅಲ್ಲೇ ಮಾರಾಯ್ರೆ.

ಸುಧಾರಣಾ ಸಂಘಟನೆಗಳ ಹಣ ಸಾಮಾನ್ಯವಾಗಿ ಟ್ರಸ್ಟ್ ಅಥವಾ ಸೊಸೈಟಿಯ ಖಾತೆಯಲ್ಲಿ ಇರುತ್ತದೆ, ಆದಾಯ ತೆರಿಗೆ ವಿನಾಯಿತಿ ತೆಗೆದುಕೊಂಡಿರುತ್ತಾರೆ. ಆ ವಿನಾಯಿತಿ ಧರ್ಮಾರ್ಥ ಕೆಲಸಕ್ಕೆ ಕೊಟ್ಟದ್ದು. ಅದರಿಂದ ಒಂದು ರೂಪಾಯಿ ಪಕ್ಷದ ಖಾತೆಗೆ ಹೋದರೂ ವಿನಾಯಿತಿ ರದ್ದಾಗುವ ಅಪಾಯ, ಜೊತೆಗೆ ಹಳೆಯ ವರ್ಷಗಳ ಕಡತವೂ ಬಿಚ್ಚಿಕೊಳ್ಳುತ್ತದೆ. ನೇರ ವರ್ಗಾವಣೆ ಯಾರೂ ಮಾಡುವುದಿಲ್ಲ, ಸಿಕ್ಕಿಬೀಳುವುದು ಸಣ್ಣ ಸಣ್ಣದರಲ್ಲಿ: ಟ್ರಸ್ಟಿನ ವ್ಯಾನಿಗೆ ಪಕ್ಷದ ಪ್ರಚಾರದ ದಿನ ಹಾಕಿಸಿದ ಡೀಸೆಲ್, ಟ್ರಸ್ಟಿನ ಸಂಬಳದ ನೌಕರ ಎರಡು ತಿಂಗಳು ಚುನಾವಣಾ ಕಚೇರಿಯಲ್ಲಿ ಕೂತದ್ದು, ಪ್ರಕಾಶನದ ಮುದ್ರಣಾಲಯದಲ್ಲಿ ಬಿಲ್ ಇಲ್ಲದೆ ಅಚ್ಚಾದ ಕರಪತ್ರ. ನೌಕರ ಬೇಕಾದರೆ ಸಂಬಳವಿಲ್ಲದ ರಜೆ ಬರೆಸಿ, ಪಕ್ಷದಿಂದ ಬೇರೆ ಗೌರವಧನ ಕೊಡಿ. ಮುದ್ರಣಕ್ಕೆ ಮಾರುಕಟ್ಟೆ ದರದ ಬಿಲ್ ಮಾಡಿ ಪಕ್ಷದ ಖಾತೆಯಿಂದ ಪಾವತಿಸಿ. ಕರಪತ್ರದ ಮೇಲೆ ಮುದ್ರಕ, ಪ್ರಕಾಶಕರ ಹೆಸರು, ವಿಳಾಸ ಹೇಗೂ ಇರಲೇಬೇಕು.

ಝಕಾತ್ ಹಣದ ಬಗ್ಗೆ ಕಾನೂನಿಗಿಂತ ಮೊದಲು ದೀನಿನ ನಿಯಮ ಉಂಟು, ಅದು ಯಾರಿಗೆ ಸಲ್ಲಬೇಕು ಅಂತ ನಿಗದಿಯಾಗಿದೆ. ಅದನ್ನು ಮುಟ್ಟುವುದೇ ಬೇಡ.

ಗಲ್ಫ್ ಹಣ ನಮ್ಮ ಊರಿನ ವಿಶೇಷ ಸಮಸ್ಯೆ. ವಿದೇಶಿ ದೇಣಿಗೆ ನಿಯಂತ್ರಣ ಕಾಯ್ದೆ 2010ರ ಪ್ರಕಾರ ಪಕ್ಷವೂ ಅದರ ಪದಾಧಿಕಾರಿಗಳೂ ಅಭ್ಯರ್ಥಿಗಳೂ ವಿದೇಶಿ ದೇಣಿಗೆ ತೆಗೆದುಕೊಳ್ಳುವಂತಿಲ್ಲ. ದುಬೈಯಲ್ಲಿ ದುಡಿಯುವ ಭಾರತದ ಪಾಸ್‌ಪೋರ್ಟಿನ ಒಬ್ಬರು ತಮ್ಮ ಉಳಿತಾಯದಿಂದ, ಊರಿನ ಬ್ಯಾಂಕ್ ಖಾತೆಯ ಮೂಲಕ ಕೊಡುವುದು ಬೇರೆ ವಿಷಯ. ಅಲ್ಲಿನ ಸಂಘ, ಕಂಪೆನಿ, ಅಲ್ಲಿನ ಪೌರರು ಕೊಡುವುದು ವಿದೇಶಿ ದೇಣಿಗೆ. ಹತ್ತು ಜನರಿಂದ ಒಟ್ಟು ಮಾಡಿ ಒಬ್ಬರ ಖಾತೆಯಿಂದ ಕಳುಹಿಸಿದರೆ ಯಾರದ್ದು ಎಷ್ಟು ಅಂತ ತೋರಿಸಲು ಆಗುವುದಿಲ್ಲ, ಹಾಗೆ ಮಾಡಬೇಡಿ. ಟ್ರಸ್ಟಿಗೆ ವಿದೇಶಿ ದೇಣಿಗೆಯ ನೋಂದಣಿ ಇದ್ದರೆ ಅದರ ಟ್ರಸ್ಟಿ ಪಕ್ಷದ ಖಜಾಂಚಿ ಆಗಲೇಬಾರದು.

ಪಕ್ಷಕ್ಕೆ 2,000 ರೂಪಾಯಿ ಮೀರಿ ನಗದು ದೇಣಿಗೆ ತೆಗೆದುಕೊಂಡರೆ ತೆರಿಗೆ ವಿನಾಯಿತಿ ಹೋಗುತ್ತದೆ. ಒಬ್ಬರಿಂದ ವರ್ಷಕ್ಕೆ 20,000 ರೂಪಾಯಿ ಮೀರಿ ಬಂದದ್ದನ್ನು ಆಯೋಗಕ್ಕೆ ವರದಿ ಮಾಡಬೇಕು. ಶುಕ್ರವಾರ ಡಬ್ಬಿ ಹಿಡಿದು ನಿಲ್ಲುವ ಅಭ್ಯಾಸ ಇರುವವರಿಗೆ ರಶೀದಿ ಪುಸ್ತಕದ ಶಿಸ್ತು ಕಲಿಸಲು ಬಹಳ ಸಮಯ ಬೇಕು. ಅದನ್ನು ಪಕ್ಷ ಶುರುವಾಗುವ ಮೊದಲೇ ಮಾಡಿ.

ಮಲ್ಪೆಯಿಂದ

ಎಲ್ಲರೂ ಪಕ್ಷ ಕಟ್ಟುವುದು ಹೇಗೆ ಅಂತ ಹೇಳಿದ್ದೀರಿ. ಕಟ್ಟದೆ ಇರುವ ದಾರಿಯನ್ನೂ ಓದುಬಳಗದ ಮುಂದೆ ಇಡಬೇಕು ಅಂತ ನನ್ನ ಅಭಿಪ್ರಾಯ.

ಇಂಡೊನೇಷ್ಯದ ನಹ್ದತುಲ್ ಉಲಮಾ 1926ರಲ್ಲಿ ಹುಟ್ಟಿದ ಉಲಮಾಗಳ ಸಂಘಟನೆ. 1952ರಲ್ಲಿ ಅದೇ ಪಕ್ಷವಾಯಿತು, 1955ರ ಚುನಾವಣೆಯಲ್ಲಿ ಶೇ. 18ಕ್ಕೂ ಹೆಚ್ಚು ಮತ ಪಡೆಯಿತು. 1973ರಲ್ಲಿ ಸುಹಾರ್ತೊ ಸರಕಾರ ಎಲ್ಲ ಮುಸ್ಲಿಂ ಪಕ್ಷಗಳನ್ನು ಒಂದೇ ಪಕ್ಷಕ್ಕೆ ತಳ್ಳಿದ ಮೇಲೆ ಸೀಟು ಹಂಚಿಕೆಯ ಕಿತ್ತಾಟ ಶುರುವಾಗಿ, ಮದ್ರಸಗಳ ಕೆಲಸ ಹಿಂದೆ ಬಿತ್ತು. 1984ರಲ್ಲಿ ಸಿತುಬೊಂದೊ ಅಧಿವೇಶನದಲ್ಲಿ 1926ರ ಮೂಲ ಉದ್ದೇಶಕ್ಕೆ ಮರಳುತ್ತೇವೆ ಅಂತ ಪಕ್ಷ ರಾಜಕೀಯದಿಂದ ಹೊರಗೆ ಬಂದರು. ಸದಸ್ಯರು ಯಾವ ಪಕ್ಷಕ್ಕೆ ಬೇಕಾದರೂ ಹೋಗಬಹುದು ಅಂದರು. 1998ರಲ್ಲಿ ಅದರ ನಾಯಕರು ಪಿಕೆಬಿ ಎಂಬ ಪಕ್ಷ ಕಟ್ಟಿದರು, ಆದರೆ ಎಲ್ಲ ಧರ್ಮದವರಿಗೂ ತೆರೆದ ಪಕ್ಷವಾಗಿ. ಅಲ್ಲಿನ ಇನ್ನೊಂದು ಸುಧಾರಣಾ ಸಂಘಟನೆ ಮುಹಮ್ಮದಿಯಾದ ಅಧ್ಯಕ್ಷರಾಗಿದ್ದ ಅಮೀನ್ ರಈಸ್ ಕೂಡ ಆ ಹುದ್ದೆ ಬಿಟ್ಟು ಹೊರಗೆ ಪಕ್ಷ ಕಟ್ಟಿದರು, ಶಾಲೆ, ಆಸ್ಪತ್ರೆಗಳ ಆ ದೊಡ್ಡ ಜಾಲವನ್ನು ಪಕ್ಷದ ಆಸ್ತಿ ಮಾಡಲಿಲ್ಲ.

ನಮ್ಮಲ್ಲಿ ಇನ್ನೊಂದು ಬಾಗಿಲು ತೆರೆದೇ ಉಂಟು. ಕರ್ನಾಟಕದಲ್ಲಿ ಗ್ರಾಮ ಪಂಚಾಯತ್ ಚುನಾವಣೆ ಪಕ್ಷದ ಚಿಹ್ನೆಯ ಮೇಲೆ ನಡೆಯುವುದಿಲ್ಲ. ಚಳವಳಿಯಲ್ಲಿ ತರಬೇತಾದ ಹೆಣ್ಣುಮಕ್ಕಳು, ಯುವಕರು ಪಕ್ಷದ ನೋಂದಣಿ ಇಲ್ಲದೆಯೇ ನಿಲ್ಲಬಹುದು. ಕುಡಿಯುವ ನೀರು, ಕಸ ವಿಲೇವಾರಿ, ಗ್ರಾಮಸಭೆಯ ನಡಾವಳಿ ಇವನ್ನು ಎರಡು ಅವಧಿ ಮಾಡಿದವರಿಗೆ ಅಕ್ಕಪಕ್ಕದ ಮೊಗವೀರ, ಬಿಲ್ಲವ, ಕ್ರಿಶ್ಚಿಯನ್ ಮನೆಗಳ ಮತವನ್ನು ಕೆಲಸ ತೋರಿಸಿ ಕೇಳಲು ಬರುತ್ತದೆ. ಅದು ಬಾರದಿದ್ದರೆ ವಿಧಾನಸಭೆಯಲ್ಲಿ ಠೇವಣಿ ಉಳಿಯುವುದೂ ಕಷ್ಟ, ಚಲಾಯಿತ ಸಿಂಧು ಮತದ ಆರನೇ ಒಂದಕ್ಕಿಂತ ಹೆಚ್ಚು ಬೇಕು.

ಅಜ್ಜರಕಾಡು ವಕೀಲ

ಮಲ್ಪೆಯವರ ಮಾತನ್ನು ಮುಕ್ಕಾಲು ಒಪ್ಪುತ್ತೇನೆ. ಒಂದು ತಕರಾರು: ಪಕ್ಷವೇ ಬೇಡ ಅಂದರೆ ಸುಧಾರಣಾವಾದಿಗಳ ಮತ ಪ್ರತಿ ಚುನಾವಣೆಯಲ್ಲೂ ಬೇರೆಯವರ ಚೌಕಾಶಿಗೆ ಸಿಗುತ್ತದೆ, ಮತ್ತು ಸಮುದಾಯದ ಒಳಗಿನ ಸುಧಾರಣೆಯ ಮಾತು ಆಡುವವರು ಶಾಸನಸಭೆಯಲ್ಲಿ ಯಾರೂ ಇರುವುದಿಲ್ಲ. ಮಹಿಳೆಯರ ಆಸ್ತಿ ಹಕ್ಕು, ವಕ್ಫ್ ಆಸ್ತಿಯ ಲೆಕ್ಕ ಇಂಥವನ್ನು ಒಳಗಿನವರೇ ಸದನದಲ್ಲಿ ಎತ್ತಬೇಕು.

ಕೊಣಾಜೆಯವರಿಗೆ ಒಂದು ಸಲಹೆ. ಚರ್ಚೆಗೆ ಎರಡು ನಿಯಮಾವಳಿಯ ಕರಡು ಮಾಡಿ ಹಂಚಿ, ಒಂದು ಚಳವಳಿಯದ್ದು, ಒಂದು ಪಕ್ಷದ್ದು. ಎರಡರಲ್ಲೂ ಈ ಜಾಗಗಳನ್ನು ಖಾಲಿ ಬಿಡಿ: ಅಭ್ಯರ್ಥಿ ಪಟ್ಟಿಗೆ ಸಹಿ ಯಾರದ್ದು, ಒಂದೇ ವ್ಯಕ್ತಿ ಎರಡೂ ಕಡೆ ಹುದ್ದೆ ಹಿಡಿಯಬಹುದಾ, ಖತೀಬರು (ಮಸೀದಿಯಲ್ಲಿ ಖುತ್ಬಾ ಹೇಳುವವರು) ಸ್ಪರ್ಧಿಸುವುದಾದರೆ ಪ್ರವಚನ ಪೀಠವಾದ ಮಿಂಬರ್‌ನಿಂದ ಎಷ್ಟು ತಿಂಗಳು ಮೊದಲು ಇಳಿಯಬೇಕು, ಸೋತರೆ ಯಾವಾಗ ಮರಳಬಹುದು, ಅಧ್ಯಕ್ಷರಿಗೆ ಎಷ್ಟು ಅವಧಿ, ಆ ನಿಯಮ ತಿದ್ದಲು ಎಷ್ಟು ಬಹುಮತ. ಬಂದವರು ತುಂಬಿಸಲಿ. ಕೊನೆಯ ಎರಡನ್ನು ತುಂಬುವಾಗ ಹಾಲಿ ಅಧ್ಯಕ್ಷರಿಗೆ ಅದು ಅನ್ವಯವಾಗುತ್ತದಾ ಇಲ್ಲವಾ ಅಂತ ಸ್ಪಷ್ಟ ಬರೆಯಿಸಿ.

ಕೊಣಾಜೆ ಓದುಗ

ಇದನ್ನೇ ಮಾಡುತ್ತೇವೆ. ಖತೀಬರ ವಿಷಯದಲ್ಲಿ ಆರು ತಿಂಗಳು ಅಂತ ಬಳಗದಲ್ಲಿ ಒಬ್ಬರು ಆಗಲೇ ಹೇಳಿದ್ದಾರೆ, ಟ್ಯುನೀಷಿಯದ ಹಾಗೆ ಪೂರ್ತಿ ಬಿಡಬೇಕು ಅಂತ ಇನ್ನೊಬ್ಬರು. ಕರಡು ಸಿದ್ಧವಾದ ಕೂಡಲೇ ಇಲ್ಲಿ ಹಾಕುತ್ತೇನೆ, ಲೆಕ್ಕಪತ್ರದವರು ಹಣಕಾಸಿನ ಭಾಗ ಒಮ್ಮೆ ನೋಡಿಕೊಡಿ.